800 ರೂಪಾಯಿಯ ಹಳೇ ಲಂಕೇಶ್ ಪತ್ರಿಕೆ ಕಟ್ಟು: ಕೊಳ್ಳಬಹುದಾ?

ಹೋದ ತಿಂಗಳು ಅವೆನ್ಯೂ ರೋಡಿನ ಒಂದು ಹಳೇ ಪುಸ್ತಕದಂಗಡಿಯಲ್ಲಿ ಮಗಳ ಪಿಯುಸಿ ಗೈಡು ಹುಡುಕುತ್ತಿದ್ದೆ. ಕಾಲಿಗೆ ಒಂದು ಕಟ್ಟು ತಾಗಿತು. ಸೆಣಬಿನ ದಾರ, ಮೇಲೊಂದು ರಟ್ಟು, ಒಳಗೆ ಕಂದು ಬಣ್ಣಕ್ಕೆ ತಿರುಗಿದ ಕಾಗದ. ರಟ್ಟು ಸರಿಸಿ ನೋಡಿದರೆ ಲಂಕೇಶ್ ಪತ್ರಿಕೆ.

'ಎಷ್ಟು?' ಅಂದೆ.

'ಸಾವಿರದೈನೂರು ಸಾರ್.'

'ಅಯ್ಯೋ, ತೂಕಕ್ಕೆ ಹಾಕಿದ್ರೆ ಐವತ್ತು ರೂಪಾಯಿ ಬರಲ್ಲ ಇದಕ್ಕೆ.'

'ತೂಕಕ್ಕೆ ಬೇಕಂದ್ರೆ ಗುಜರಿಗೆ ಹೋಗಿ ಸಾರ್. ಬಾನು ಮೇಡಮ್‌ಗೆ ಬೂಕರ್ ಬಂದ್ಮೇಲೆ ಇದನ್ನ ಕೇಳ್ಕೊಂಡು ಬರೋರು ಜಾಸ್ತಿ ಆಗಿದಾರೆ.'

ಆ ಮಾತಿಗೆ ನಾನು ಸೋತೆ. 2025ರ ಮೇ ತಿಂಗಳಲ್ಲಿ ಬಾನು ಮುಷ್ತಾಕ್ ಅವರಿಗೆ ಅಂತರರಾಷ್ಟ್ರೀಯ ಬೂಕರ್ ಬಂದಾಗ, ಅವರು ಒಂದು ಕಾಲದಲ್ಲಿ ಲಂಕೇಶ್ ಪತ್ರಿಕೆಯ ವರದಿಗಾರ್ತಿ ಅನ್ನೋದು ಎಷ್ಟೋ ಜನಕ್ಕೆ ಹೊಸ ಸುದ್ದಿಯಾಗಿತ್ತು. ಹಳೇ ಪೇಪರ್ ಮಾರುವವನಿಗೆ ಮಾತ್ರ ಅದು ಸರಿಯಾದ ಹೊತ್ತಿಗೆ ಗೊತ್ತಾಗಿದೆ. 800ಕ್ಕೆ ಇಳಿಸಿದ. ಗೈಡು ಮರೆತು ಕಟ್ಟು ಹೊತ್ತು ಮನೆಗೆ ಬಂದೆ.

ಮನೆಯಲ್ಲಿ ಬಿಚ್ಚಿ ಎಣಿಸಿದರೆ ಮೊದಲ ಮೋಸ ಗೊತ್ತಾಯಿತು. 'ನಲವತ್ಮೂರು ಇದೆ ಸಾರ್, ಎಲ್ಲಾ ಎಂಬತ್ತರ ಕಾಲದ್ದು' ಅಂದಿದ್ದ. ಇದ್ದದ್ದು 31. ಉಳಿದ 12 ಬೇರೆ ಯಾವುದೋ ವಾರಪತ್ರಿಕೆಗಳು, ಅದರಲ್ಲಿ ಎರಡು ರಾಶಿ ಭವಿಷ್ಯದವು. 31ರಲ್ಲೂ ನಾಲ್ಕಕ್ಕೆ ನಡುಪುಟಗಳೇ ಇಲ್ಲ. ಅಂಗಡಿ ಹೆಸರು ಬೇಡ, ಪಾಪ, ಹೊಟ್ಟೆಪಾಡು. ನೀವು ಕೊಳ್ಳುವಾಗ ದಾರ ಬಿಚ್ಚಿಸಿ ನೋಡಿ, ಅಷ್ಟೇ.

ಈಗ ಮಾಲಿನ ವಿಷಯ. ನಾನು ಹೇಳುತ್ತಿರುವುದು ಪಿ. ಲಂಕೇಶ್ ಸಂಪಾದಕರಾಗಿದ್ದ ಕಾಲದ ಪತ್ರಿಕೆ, ಅಂದರೆ 1980ರಿಂದ ಅವರು ತೀರಿಕೊಂಡ 2000ದ ಜನವರಿವರೆಗಿನದು. ಇದು ಟ್ಯಾಬ್ಲಾಯ್ಡ್ ವಾರಪತ್ರಿಕೆ. ಟ್ಯಾಬ್ಲಾಯ್ಡ್ ಅಂದರೆ ಅಸಲಿಗೆ ಅಳತೆಯ ಮಾತು. ದಿನಪತ್ರಿಕೆಯ ಅರ್ಧ ಗಾತ್ರ, ಬಸ್ಸಲ್ಲಿ ಪಕ್ಕದವನ ಮೂಗಿಗೆ ತಾಗದ ಹಾಗೆ ಬಿಚ್ಚಿ ಓದಬಹುದು. ನಮ್ಮಲ್ಲಿ ಆ ಪದಕ್ಕೆ ಅರ್ಥ ಬಂದದ್ದೇ ಈ ಪತ್ರಿಕೆಯಿಂದ, ಆಮೇಲೆ ಆ ಅರ್ಥ ಕೆಟ್ಟದ್ದೂ ಇದರ ಮರಿಗಳಿಂದಲೇ.

ನನ್ನ ಕಟ್ಟಿನ ಕಾಗದ ಮುಟ್ಟಿದರೆ ಅಂಚು ಹಪ್ಪಳದ ಹಾಗೆ ಮುರಿಯುತ್ತದೆ. ಹಿಂದಿನ ಯಜಮಾನ ಯಾರೋ ಶಿಸ್ತಿನ ಮನುಷ್ಯ, ಪ್ರತಿ ಸಂಚಿಕೆಗೂ ಎಡಮೂಲೆಯಲ್ಲಿ ಒಂದು ಗುಂಡುಪಿನ್ನು ಚುಚ್ಚಿದ್ದಾನೆ. ಪಿನ್ನು ತುಕ್ಕು ಹಿಡಿದು ಎಲ್ಲ ಪುಟಕ್ಕೂ ಒಂದೊಂದು ಕಂದು ಬೊಟ್ಟು ಇಟ್ಟಿದೆ. ಒಂದು ಸಂಚಿಕೆಯ ಹಿಂಪುಟದಲ್ಲಿ ಪೆನ್ಸಿಲಿನಲ್ಲಿ ಹಾಲಿನ ಲೆಕ್ಕ ಬರೆದಿದೆ: ಸೋಮ ಅರ್ಧ, ಮಂಗಳ ಅರ್ಧ, ಬುಧ ಒಂದು. ಬುಧವಾರ ಯಾರೋ ನೆಂಟರು ಬಂದಿರಬೇಕು. ವರದಿ ಓದುವುದು ಬಿಟ್ಟು ಹತ್ತು ನಿಮಿಷ ಇದನ್ನೇ ನೋಡುತ್ತಾ ಕೂತಿದ್ದೆ.

ನಮ್ಮ ಮನೆಗೂ ಇದು ಬರುತ್ತಿತ್ತು, ತಿಪಟೂರಿನಲ್ಲಿ. ಬರುತ್ತಿತ್ತು ಅಂದರೆ ಪೇಪರ್ ಹುಡುಗ ಹಾಕುತ್ತಿರಲಿಲ್ಲ. ನಮ್ಮಪ್ಪ ತಾಲೂಕು ಆಫೀಸಲ್ಲಿ ಗುಮಾಸ್ತರು. ಸರ್ಕಾರಿ ಕೆಲಸದವನು ಸರ್ಕಾರವನ್ನು ಬೈಯುವ ಪತ್ರಿಕೆ ಬಹಿರಂಗವಾಗಿ ತರಿಸುವುದು ಹೇಗೆ? ಬಸ್ ಸ್ಟ್ಯಾಂಡ್ ಪೆಟ್ಟಿಗೆ ಅಂಗಡಿಯಲ್ಲಿ ಕೊಂಡು, ದಿನಪತ್ರಿಕೆಯ ಒಳಗೆ ಮಡಚಿ, ಕಂಕುಳಲ್ಲಿ ಇಟ್ಟುಕೊಂಡು ಬರುತ್ತಿದ್ದರು. ಒಂದು ದಿನ ಸಾಹೇಬರ ಟೇಬಲ್ ಡ್ರಾಯರ್‌ನಲ್ಲಿ ಫೈಲು ಹುಡುಕುವಾಗ ಅಲ್ಲೂ ಅದೇ ವಾರದ ಸಂಚಿಕೆ ಸಿಕ್ಕಿತಂತೆ. ಆಮೇಲೆ ಅಪ್ಪ ಮಡಚುವುದು ಬಿಟ್ಟರು. ನಾನು ಚಿಕ್ಕವನು, ನನಗೆ ಸಿಕ್ಕಿದ್ದು ಕಟಿಂಗ್ ಶಾಪಿನಲ್ಲಿ. ಅಲ್ಲಿ ಒಬ್ಬ ಗಟ್ಟಿಯಾಗಿ ಓದುವವನು, ನಾಲ್ಕು ಜನ ಕೇಳುವವರು, ಒಬ್ಬ ಅರ್ಧ ಗಡ್ಡಕ್ಕೆ ಸೋಪು ಹಚ್ಚಿಸಿಕೊಂಡು 'ಮುಂದೆ, ಮುಂದೆ' ಅನ್ನುವವನು. ಒಂದು ಪ್ರತಿ ಎಷ್ಟು ಜನಕ್ಕೆ ಆಗುತ್ತಿತ್ತು ಅನ್ನೋ ಲೆಕ್ಕ ಯಾವ ಏಜೆಂಟನ ಪುಸ್ತಕದಲ್ಲೂ ಇರಲಿಲ್ಲ ಬಿಡಿ.

ಲಂಕೇಶ್ ಮೂಲತಃ ಶಿವಮೊಗ್ಗ ಕಡೆಯ ಕೊನಗವಳ್ಳಿಯವರು. ಬೆಂಗಳೂರಿನಲ್ಲಿ ಇಂಗ್ಲಿಷ್ ಮೇಷ್ಟ್ರಾಗಿದ್ದರು. ಕತೆ, ಕವಿತೆ, ನಾಟಕ ಎಲ್ಲ ಬರೆದಾಗಿತ್ತು. ಸಿನಿಮಾ ಮಾಡಿ, ಮೊದಲ ಸಿನಿಮಾಕ್ಕೇ ನಿರ್ದೇಶನದ ರಾಷ್ಟ್ರಪ್ರಶಸ್ತಿ ತಗೊಂಡಿದ್ದರು. ಪಾಠ ಮಾಡುವ ಕೆಲಸ ಬಿಟ್ಟ ಮೇಲೂ ಎಲ್ಲರಿಗೂ ಅವರು ಕೊನೆವರೆಗೂ 'ಮೇಷ್ಟ್ರು'. ಇಂಥ ಮನುಷ್ಯ ಸುಮ್ನೆ ಒಂದು ಸಾಹಿತ್ಯ ಪತ್ರಿಕೆ ಮಾಡಿದ್ದರೆ ಐನೂರು ಜನ ಓದಿ ಭೇಷ್ ಅಂದು ಮುಗಿಯುತ್ತಿತ್ತು. ಅವರು ಮಾಡಿದ್ದು ಅದಲ್ಲ. ಬಸ್ ಸ್ಟ್ಯಾಂಡಿನಲ್ಲಿ ಕ್ಲಿಪ್ ಹಾಕಿ ತೂಗಿಬಿಡುವ ವಾರಪತ್ರಿಕೆ ಮಾಡಿದರು, ಅದರೊಳಗೆ ಸಾಹಿತ್ಯ ತುಂಬಿದರು.

ಮತ್ತೆ ಜಾಹೀರಾತು ಇಲ್ಲ. 31 ಸಂಚಿಕೆ ತಿರುವಿ ಹಾಕಿದೆ. ಸೋಪಿಲ್ಲ, ಸೀರೆ ಅಂಗಡಿ ಇಲ್ಲ, ಮಂತ್ರಿಗಳ ಹುಟ್ಟುಹಬ್ಬದ ಶುಭಾಶಯ ಇಲ್ಲ. ಈಗಿನ ಪೇಪರಿನಲ್ಲಿ ಮುಖಪುಟ ಸಿಗಬೇಕಾದರೆ ಮೂರು ಹಾಳೆ ಜಾಹೀರಾತು ದಾಟಬೇಕು ಅಲ್ವಾ, ಅದಕ್ಕೆ ಒಗ್ಗಿಹೋದ ಕಣ್ಣಿಗೆ ಇದು ವಿಚಿತ್ರವಾಗಿ ಕಾಣುತ್ತದೆ. ಜಾಹೀರಾತು ಇಲ್ಲ ಅಂದರೆ ಕಾಗದದ ದುಡ್ಡು, ಅಚ್ಚಿನ ದುಡ್ಡು, ಏಜೆಂಟರ ಕಮಿಷನ್ನು, ವರದಿಗಾರರ ಬಸ್ ಚಾರ್ಜು ಎಲ್ಲ ಓದುಗ ಕೊಡುವ ಚಿಲ್ಲರೆಯಿಂದಲೇ ಬರಬೇಕು. ಮಾರಾಟ ಆಗದ ಪ್ರತಿ ವಾಪಸ್ ಬಂದರೆ ಅದು ನೇರ ನಷ್ಟ. ಹಾಗಾಗಿ ಸರ್ಕಾರ ಜಾಹೀರಾತು ನಿಲ್ಲಿಸುತ್ತೇವೆ ಅಂತ ಹೆದರಿಸುವಂತಿಲ್ಲ, ಯಾವ ಸೇಟೂ ಫೋನ್ ಮಾಡಿ ಸುದ್ದಿ ಎತ್ತಿಸುವಂತಿಲ್ಲ. ಧೈರ್ಯ ಅಂತ ಎಲ್ಲರೂ ಹೊಗಳುತ್ತಾರಲ್ಲ, ಅದರ ಅರ್ಧ ಈ ಲೆಕ್ಕಪುಸ್ತಕದಲ್ಲೇ ಇತ್ತು.

ಆದರೆ ಅದೇ ಲೆಕ್ಕಪುಸ್ತಕಕ್ಕೆ ಇನ್ನೊಂದು ಮಗ್ಗುಲೂ ಇದೆ. ಪ್ರತಿ ವಾರ ಓದುಗ ಜೇಬಿಗೆ ಕೈ ಹಾಕಲೇಬೇಕು. ಹಾಕಬೇಕಾದರೆ ಮುಖಪುಟ ಕಚಗುಳಿ ಇಡಬೇಕು, ಇಲ್ಲ ಕುಟುಕಬೇಕು. ಈ ಕಟ್ಟಿನಲ್ಲಿ ಕೆಲವು ವರದಿಗಳನ್ನು ಈಗ ಓದಿದರೆ ಮೂರನೇ ಪ್ಯಾರಾ ಹೊತ್ತಿಗೆ ಅನುಮಾನ ಶುರುವಾಗುತ್ತದೆ. ದಾಖಲೆ ಎಲ್ಲಿದೆ? ಯಾರು ಹೇಳಿದ್ದು? 'ಊರೆಲ್ಲ ಮಾತಾಡಿಕೊಳ್ಳುತ್ತಿದೆ' ಅನ್ನುವುದು ಸಾಕ್ಷಿಯಾ? ಕೆಲವಕ್ಕೆ ದಾಖಲೆ ಗಟ್ಟಿಯಾಗಿದೆ, ತಾಲೂಕು ಆಫೀಸಿನ ಪತ್ರದ ನಂಬರ್ ಸಮೇತ. (ಆ ನಂಬರು ನಮ್ಮಪ್ಪನಂಥ ಯಾರೋ ಗುಮಾಸ್ತರೇ ಕೊಟ್ಟಿರಬೇಕು ಅಂತ ನನ್ನ ಗುಮಾನಿ.) ಕೆಲವು ಮಾತ್ರ ಕಟ್ಟೆ ಹರಟೆ. ಎರಡೂ ಒಂದೇ ಅಕ್ಷರದಲ್ಲಿ, ಒಂದೇ ಠೀವಿಯಲ್ಲಿ ಅಚ್ಚಾಗಿವೆ. ಓದುಗ ತಾನೇ ಸೋಸಿಕೊಳ್ಳಬೇಕು.

ಪತ್ರಿಕೆ ಹುಟ್ಟಿದ ಗಳಿಗೆಯೂ ಹಾಗಿತ್ತು. 1980ರಲ್ಲಿ ಗುಂಡೂರಾವ್ ಮುಖ್ಯಮಂತ್ರಿ. ಅದೇ ವರ್ಷ ನರಗುಂದ, ನವಲಗುಂದದಲ್ಲಿ ರೈತರ ಮೇಲೆ ಗೋಲಿಬಾರ್. ರೈತ ಸಂಘ ಬೆಳೆಯಿತು, ದಲಿತ ಸಂಘರ್ಷ ಸಮಿತಿ ಆಗಲೇ ಬೀದಿಯಲ್ಲಿತ್ತು, 1982ರಲ್ಲಿ ಗೋಕಾಕ್ ಚಳವಳಿಗೆ ರಾಜ್‌ಕುಮಾರ್ ಇಳಿದರು. ಪತ್ರಕರ್ತರನ್ನು ಅರಬ್ಬಿ ಸಮುದ್ರಕ್ಕೆ ಎಸೆಯಬೇಕು ಅನ್ನೋ ಅರ್ಥದ ಮಾತನ್ನೂ ಗುಂಡೂರಾವ್ ಆಡಿ ಇನ್ನಷ್ಟು ಹೆಸರು ಕೆಡಿಸಿಕೊಂಡರು. ಇಂಥ ಹೊತ್ತಲ್ಲಿ ದೊಡ್ಡ ಪತ್ರಿಕೆಗಳು 'ಮಾನ್ಯ ಮುಖ್ಯಮಂತ್ರಿಗಳು' ಅನ್ನುತ್ತಿದ್ದರೆ ಇಲ್ಲಿ ಒಂದು ಪತ್ರಿಕೆ ಅವರನ್ನು ಬರೀ 'ಗುಂ' ಅಂತ ಬರೆಯುತ್ತಿತ್ತು. ಒಂದೇ ಅಕ್ಷರ. ಅಧಿಕಾರ, ಕಾರು, ಹೆಲಿಕಾಪ್ಟರು, ಸೆಲ್ಯೂಟು ಎಲ್ಲ ಆ ಒಂದು ಸೊನ್ನೆಯೊಳಗೆ ಮುಳುಗಿಹೋಗುತ್ತಿತ್ತು. ಬಂಗಾರಪ್ಪ 'ಬಂ' ಆದರು. 1983ರ ಚುನಾವಣೆಯಲ್ಲಿ ಕಾಂಗ್ರೆಸ್ ಕರ್ನಾಟಕದಲ್ಲಿ ಮೊದಲ ಸಲ ಸೋತಿತು, 224ರಲ್ಲಿ 82 ಸೀಟು. ಸೋಲಿಸಿದ್ದು ಲಂಕೇಶ್ ಪತ್ರಿಕೆಯೇ ಅನ್ನುವವರು ಇವತ್ತಿಗೂ ಸಿಗುತ್ತಾರೆ. ನನಗೆ ಅಷ್ಟು ನಂಬಿಕೆ ಇಲ್ಲ. ಗೋಲಿಬಾರ್ ನೋಡಿದ ರೈತನಿಗೆ ವೋಟು ಹಾಕಲು ಪತ್ರಿಕೆ ಬೇಕಿರಲಿಲ್ಲ. ಆದರೆ ಮುಖ್ಯಮಂತ್ರಿಯನ್ನು ನೋಡಿ ನಗಬಹುದು ಅನ್ನೋ ಧೈರ್ಯ ಕಟಿಂಗ್ ಶಾಪಿಗೆ ಬಂದದ್ದು ಇದರಿಂದಲೇ, ಅದು ನಾನು ಕಣ್ಣಾರೆ ಕಂಡದ್ದು.

ರಾಮಕೃಷ್ಣ ಹೆಗಡೆ ಮುಖ್ಯಮಂತ್ರಿಯಾಗಿ ಬಂದಮೇಲೆ ಪತ್ರಿಕೆ ತೆಪ್ಪಗಾಗುತ್ತದೆ ಅಂದುಕೊಂಡವರಿಗೆ ನಿರಾಸೆ ಆಯಿತು. 1986ರಲ್ಲಿ ಸಾರಾಯಿ ಬಾಟ್ಲಿಂಗ್ ಗುತ್ತಿಗೆ ವಿಷಯದಲ್ಲಿ ಹೈಕೋರ್ಟ್ ಛೀಮಾರಿ ಹಾಕಿ, ಹೆಗಡೆ ರಾಜೀನಾಮೆ ಕೊಟ್ಟು ಮೂರೇ ದಿನಕ್ಕೆ ವಾಪಸ್ ತಗೊಂಡರಲ್ಲ, 1988ರಲ್ಲಿ ಫೋನ್ ಕದ್ದಾಲಿಕೆಗೆ ಕುರ್ಚಿಯನ್ನೇ ಬಿಟ್ಟರಲ್ಲ, ಆ ಕಾಲದ ಓದುಗರಿಗೆ ವಾರವಾರವೂ ಹಬ್ಬ. ಗೆಳೆಯರನ್ನೂ ಮೇಷ್ಟ್ರು ಬಿಟ್ಟವರಲ್ಲ. ಯು. ಆರ್. ಅನಂತಮೂರ್ತಿ ಅವರ ಜತೆಗಿನ ಸ್ನೇಹ, ಜಗಳ, ಮತ್ತೆ ಸ್ನೇಹ, ಮತ್ತೆ ಜಗಳ ಒಂದು ಧಾರಾವಾಹಿ ಇದ್ದ ಹಾಗೆ. ಒಂದು ಹಂತದಲ್ಲಿ ಪ್ರಗತಿರಂಗ ಅಂತ ರಾಜಕೀಯ ವೇದಿಕೆ ಕಟ್ಟಲು ಸ್ವತಃ ಹೊರಟರು, ಅದು ಹತ್ತಲಿಲ್ಲ. ಬೇರೆಯವರನ್ನು ನೋಡಿ ನಗುವುದಕ್ಕೂ ಮೀಟಿಂಗ್ ಮಾಡಿ ಜನ ಸೇರಿಸುವುದಕ್ಕೂ ಬೇರೆ ಬೇರೆ ಚರ್ಮ ಬೇಕು.

ಈಗ ನನಗೆ ಹಿಡಿಸದ ಸಂಗತಿ. ಅಡ್ಡಹೆಸರು ಇಡುವುದು ಮುಖ್ಯಮಂತ್ರಿಗೆ ಸರಿ. ಆದರೆ ಪುಟ ತಿರುವಿದಂತೆ ಕೆಳಗೆ ಕೆಳಗೆ ಇಳಿಯುತ್ತದೆ. ಊರಿನ ಸಣ್ಣ ಅಧಿಕಾರಿ, ಯಾವುದೋ ಕಾಲೇಜಿನ ಪ್ರಿನ್ಸಿಪಾಲ್, ಅವರ ನಡಿಗೆ, ಅವರ ಹೊಟ್ಟೆ, ಅವರ ಮನೆ ಜಗಳ. ಚಿಕ್ಕಂದಿನಲ್ಲಿ ಕೇಳಿ ಬಿದ್ದು ಬಿದ್ದು ನಕ್ಕಿದ್ದೆ. ಈಗ ಓದುವಾಗ ಆ ಪ್ರಿನ್ಸಿಪಾಲರ ಮಕ್ಕಳು ಮಾರನೇ ದಿನ ಶಾಲೆಗೆ ಹೇಗೆ ಹೋದರೋ ಅನಿಸುತ್ತದೆ. ಮುಖ್ಯಮಂತ್ರಿಗೆ ಉತ್ತರ ಕೊಡಲು ಪ್ರೆಸ್ ಮೀಟ್ ಇತ್ತು. ಪ್ರಿನ್ಸಿಪಾಲರಿಗೆ ಕೋರ್ಟು ಬಿಟ್ಟರೆ ಬೇರೆ ದಾರಿ ಇಲ್ಲ. ಹಾಗಾಗಿ ಮಾನನಷ್ಟ ಮೊಕದ್ದಮೆಗಳು ಊರೂರಿನ ಕೋರ್ಟಿನಲ್ಲಿ. ನಮ್ಮಲ್ಲಿ ಮಾನನಷ್ಟ ಅನ್ನುವುದು ಸಿವಿಲ್ಲೂ ಹೌದು, ಕ್ರಿಮಿನಲ್ಲೂ ಹೌದು, ಪತ್ರಿಕೆ ಎಲ್ಲೆಲ್ಲಿ ಮಾರಾಟವಾಗುತ್ತದೋ ಅಲ್ಲೆಲ್ಲ ಕೇಸು ಹಾಕಬಹುದು. ಸಂಪಾದಕ ಬೆಂಗಳೂರಿಂದ ವಾಯಿದೆ ವಾಯಿದೆಗೆ ಅಲೆಯಬೇಕು. ಎಷ್ಟೋ ಸಲ ತೀರ್ಪಿಗಿಂತ ಆ ಅಲೆದಾಟವೇ ಶಿಕ್ಷೆ.

ಇಷ್ಟು ಬೈದಮೇಲೂ ಈ ಕಟ್ಟನ್ನು ಯಾಕೆ ಕೊಳ್ಳಬೇಕು? ರಾಜಕೀಯ ಪುಟಗಳಿಗಾಗಿ ಅಲ್ಲ. ಅವು ಹಳಸಿವೆ. ಬಂಗಾರಪ್ಪ ಕಾಲದ ಕ್ಲಾಸಿಕ್ ಕಂಪ್ಯೂಟರ್ ಹಗರಣ ಅಂದರೆ ನನ್ನ ಮಗಳು 'ಅದ್ಯಾವ ಬ್ರ್ಯಾಂಡ್ ಲ್ಯಾಪ್‌ಟಾಪ್?' ಅನ್ನುತ್ತಾಳೆ. ಕೊಳ್ಳಬೇಕಾದ್ದು ಉಳಿದ ಪುಟಗಳಿಗೆ. ಮೇಷ್ಟ್ರ ಅಂಕಣ 'ಟೀಕೆ ಟಿಪ್ಪಣಿ' ಇವತ್ತಿಗೂ ಓದಿಸಿಕೊಂಡು ಹೋಗುತ್ತದೆ. ಒಂದು ವಾಕ್ಯ ಮುಗಿಯುವಷ್ಟರಲ್ಲಿ ಮನುಷ್ಯ ರೇಸ್ ಕುದುರೆಯಿಂದ ರಷ್ಯಾದ ಕಾದಂಬರಿಗೆ, ಅಲ್ಲಿಂದ ತಮ್ಮ ಊರಿನ ಹೊಲಕ್ಕೆ ಹಾರಿರುತ್ತಾರೆ, ಆದರೂ ನಮಗೆ ಎಲ್ಲೂ ದಾರಿ ತಪ್ಪುವುದಿಲ್ಲ. ಕನ್ನಡವೂ ಹಾಗೆ, ಬಿಗಿ ಇಲ್ಲ, ಗಂಟಲು ಸರಿ ಮಾಡಿಕೊಳ್ಳುವುದಿಲ್ಲ. ಈಗ ಫೇಸ್‌ಬುಕ್ಕಿನಲ್ಲಿ ನಾವೆಲ್ಲ ಬರೆಯುವ ಧಾಟಿ ಇದೆಯಲ್ಲ, ಅದು ಎಲ್ಲಿಂದ ಬಂತು ಅಂತ ನನಗೆ ಈ ಕಟ್ಟು ಓದುವವರೆಗೆ ಗೊತ್ತಿರಲಿಲ್ಲ.

ಆಮೇಲೆ ನೀಲು. ಎರಡು ಮೂರು ಸಾಲಿನ ಪುಟಾಣಿ ಪದ್ಯ, ಒಬ್ಬ ಹೆಣ್ಣಿನ ದನಿಯಲ್ಲಿ. ಪ್ರೀತಿ, ಕಾಮ, ಹೊಟ್ಟೆಕಿಚ್ಚು, ಮುಪ್ಪು, ಒಟ್ಟಿನಲ್ಲಿ ಮನೆಯಲ್ಲಿ ಗಟ್ಟಿಯಾಗಿ ಹೇಳಲಾಗದ್ದೆಲ್ಲ ಅಲ್ಲಿರುತ್ತಿತ್ತು. ಇದನ್ನು ಯಾರೋ ಹುಡುಗಿ ಬರೆಯುತ್ತಾಳೆ ಅಂತ ನಂಬಿ ಮನಸ್ಸಿನಲ್ಲೇ ಪ್ರೇಮಪತ್ರ ಬರೆದ ಕಾಲೇಜು ಹುಡುಗರು ನಮ್ಮೂರಲ್ಲೇ ಇಬ್ಬರಿದ್ದರು. ಬರೆಯುತ್ತಿದ್ದದ್ದು ಗಡ್ಡದ ಮೇಷ್ಟ್ರು ಅಂತ ತಿಳಿದಾಗ ಒಬ್ಬ ಎರಡು ದಿನ ಸಪ್ಪಗಿದ್ದ. ಇಂಗ್ಲೆಂಡಿನ 'ಸನ್' ಅನ್ನೋ ಟ್ಯಾಬ್ಲಾಯ್ಡು 1970ರಿಂದ ಮೂರನೇ ಪುಟದಲ್ಲಿ ಅರೆಬೆತ್ತಲೆ ಹುಡುಗಿಯರ ಫೋಟೊ ಹಾಕಿ ಪ್ರತಿ ಮಾರುತ್ತಿತ್ತು. ನಮ್ಮ ಟ್ಯಾಬ್ಲಾಯ್ಡು ಅದೇ ಜಾಗಕ್ಕೆ ಪದ್ಯ ತಂದಿತು. ಅದೂ ಮಾರಾಟವಾಯಿತು!

ತನ್ನನ್ನು 'ಜಾಣ ಜಾಣೆಯರ ಪತ್ರಿಕೆ' ಅಂತ ಕರೆದುಕೊಳ್ಳುತ್ತಿತ್ತು. ಆ 'ಜಾಣೆ' ಸುಮ್ನೆ ಪ್ರಾಸಕ್ಕೆ ಹಾಕಿದ್ದಲ್ಲ. ಮಹಿಳೆಯರು ಅಂದರೆ ಅಡುಗೆ, ಕಸೂತಿ, ಧಾರಾವಾಹಿ ಕಣ್ಣೀರು ಅಂತಿದ್ದ ಕಾಲದಲ್ಲಿ ಹಾಸನದ ಬಾನು ಮುಷ್ತಾಕ್ ಇಲ್ಲಿ ವರದಿ ಬರೆದರು. ಸಾರಾ ಅಬೂಬಕ್ಕರ್ ಮೊದಲ ಲೇಖನ ಕಳಿಸಿದ್ದು 1981ರಲ್ಲಿ ಈ ಪತ್ರಿಕೆಗೇ. ಕಾಸರಗೋಡಿನ ಹೆಣ್ಣುಮಗಳು, ಮನೆಮಾತು ಮಲಯಾಳ, ಓದಿದ್ದು ಕನ್ನಡ. ತಲಾಕಿನ ಮೇಲೆ ಅವರು ಬರೆದ ಕಾದಂಬರಿ 'ಚಂದ್ರಗಿರಿಯ ತೀರದಲ್ಲಿ' ಇಲ್ಲೇ ಧಾರಾವಾಹಿಯಾಗಿ ಬಂತು. ಈಗ ಯೋಚಿಸಿ: ಅದೇ ಸಂಚಿಕೆಯನ್ನು ಕಟಿಂಗ್ ಶಾಪಿನ ನಾಲ್ವರು 'ಗುಂ' ಏನು ಮಾಡಿದ ಅಂತ ನೋಡಲು ಕೊಂಡಿರುತ್ತಾರೆ. ಪುಟ ತಿರುವಿದರೆ ಒಬ್ಬ ಮುಸ್ಲಿಂ ಹೆಣ್ಣಿನ ಕತೆ. ಸಾಹಿತ್ಯ ಪತ್ರಿಕೆಯಲ್ಲಿ ಬಂದಿದ್ದರೆ ಈ ನಾಲ್ವರ ಕೈಗೆ ಅದು ಜನ್ಮದಲ್ಲಿ ಸಿಗುತ್ತಿರಲಿಲ್ಲ. ನಮ್ಮಮ್ಮ ರಾಜಕೀಯ ಓದುತ್ತಿರಲಿಲ್ಲ, 'ನಿಮ್ಮ ಗುಂ ಬಂ ನನಗೆ ಬೇಡ' ಅಂತ ಪುಟ ಹಾರಿಸಿ ನೇರ ಕತೆಗೆ ಹೋಗುತ್ತಿದ್ದರು. ಬಿ. ಚಂದ್ರೇಗೌಡರ ಅಂಕಣ 'ಕಟ್ಟೆ ಪುರಾಣ' ಬಂದಮೇಲೆ ಅಪ್ಪ ಅಮ್ಮ ಇಬ್ಬರೂ ಮೊದಲು ಆ ಪುಟಕ್ಕೇ ಜಗಳ.

ಇನ್ನು ಮರಿಗಳ ವಿಷಯ, ಅದಿಲ್ಲದೆ ಈ ವಿಮರ್ಶೆ ಮುಗಿಯಲ್ಲ. ಲಂಕೇಶ್ ಪತ್ರಿಕೆ ಗೆದ್ದದ್ದೇ ತಡ, ಜಿಲ್ಲೆಗೊಂದು, ಆಮೇಲೆ ತಾಲೂಕಿಗೊಂದು ಕಪ್ಪು ಬಿಳುಪು ವಾರಪತ್ರಿಕೆ ಹುಟ್ಟಿತು. ಹೆಸರಿನ ಕೊನೆಗೆ 'ಪತ್ರಿಕೆ' ಅಂತ ಇದ್ದರೆ ಸಾಕು. ನೋಡಲು ಎಲ್ಲ ಒಂದೇ. ವ್ಯಾಪಾರ ಮಾತ್ರ ಬೇರೆ. ನನ್ನ ಸೋದರಮಾವನದು ನ್ಯಾಯಬೆಲೆ ಅಂಗಡಿ. ಒಂದು ಸಂಜೆ ಸ್ಕೂಟರಲ್ಲಿ ಇಬ್ಬರು ಬಂದರು. ಸಂಪಾದಕರಂತೆ. ಬಗಲಚೀಲದಿಂದ ಒಂದು ಪ್ರೂಫ್ ಹಾಳೆ ತೆಗೆದು ಸಕ್ಕರೆ ಮೂಟೆಯ ಮೇಲೆ ಹರಡಿದರು. ಮಾವನ ಹೆಸರು ದಪ್ಪಕ್ಷರದಲ್ಲಿ, ಕೆಳಗೆ 'ಬಡವರ ಸೀಮೆಎಣ್ಣೆ ಕುಡಿದ ಹೆಗ್ಗಣ'. 'ನಾಳೆ ಅಚ್ಚಿಗೆ ಹೋಗ್ತಾ ಇದೆ ಯಜಮಾನ್ರೆ, ನಿಮ್ಮ ಅಭಿಪ್ರಾಯ ಕೇಳೋಣ ಅಂತ ಬಂದ್ವಿ' ಅಂದರು. ಮಾವನ ಅಭಿಪ್ರಾಯ 500 ರೂಪಾಯಿ ಆಯಿತು. ಹಾಳೆ ಮಡಚಿ ಚೀಲಕ್ಕೆ ಹೋಯಿತು. ಆರು ತಿಂಗಳಿಗೆ ಅದೇ ಹಾಳೆ ಮತ್ತೆ ಬಂತು. (ಮಾವನ ಲೀಟರ್ ಮಾಪು ಅಷ್ಟೇನು ಸರಿ ಇರಲಿಲ್ಲ, ಅದು ಬೇರೆ ಮಾತು.)

ಇದಕ್ಕೆ ನಮ್ಮ ಕಡೆ ಇಟ್ಟ ಹೆಸರು ರೋಲ್‌ಕಾಲ್. ರೋಲ್‌ಕಾಲ್ ಪತ್ರಕರ್ತ ಅಂದರೆ ಯಾರಿಗೂ ವಿವರಣೆ ಬೇಕಿಲ್ಲ. ಲಂಕೇಶ್ ಪತ್ರಿಕೆ ಅಚ್ಚು ಮಾಡಿದ್ದನ್ನು ಮಾರುತ್ತಿತ್ತು. ಇವರು ಅಚ್ಚು ಮಾಡದೆ ಇರುವುದನ್ನು ಮಾರಿದರು. ಮೊದಲನೆಯದಕ್ಕೆ ಸಾವಿರಾರು ಓದುಗರು ಬೇಕು, ಎರಡನೆಯದಕ್ಕೆ ಒಬ್ಬ ಹೆದರಿದ ಮನುಷ್ಯ ಸಾಕು. ಆಮೇಲೆ ಊರಿನಲ್ಲಿ 'ಟ್ಯಾಬ್ಲಾಯ್ಡಿನವನು ಬಂದ' ಅಂದರೆ ಅಂಗಡಿಯವರು ಗಲ್ಲಾ ಪೆಟ್ಟಿಗೆ ಮುಚ್ಚುವ ಹಾಗಾಯಿತು. ನಿಜವಾಗಿ ವರದಿ ಮಾಡಲು ಬಂದ ಹುಡುಗರಿಗೂ ಅದೇ ಮರ್ಯಾದೆ.

1995ರಲ್ಲಿ ರವಿ ಬೆಳಗೆರೆ 'ಹಾಯ್ ಬೆಂಗಳೂರ್' ವಾರಪತ್ರಿಕೆ ತಂದರು. ಇದನ್ನು ಮರಿ ಅನ್ನಲಾಗದು, ಬೇರೆ ತಳಿ. ಮೇಷ್ಟ್ರ ಪತ್ರಿಕೆಯ ಕೇಂದ್ರ ವಿಧಾನಸೌಧ ಆದರೆ ಇದರ ಕೇಂದ್ರ ಭೂಗತ ಲೋಕ. 'ಪಾಪಿಗಳ ಲೋಕದಲ್ಲಿ', 'ಖಾಸ್ ಬಾತ್' ಅನ್ನೋ ಅಂಕಣಗಳು, ಓದುಗರನ್ನು ಹೆಗಲ ಮೇಲೆ ಕೈ ಹಾಕಿ ಮಾತಾಡಿಸುವ ಆ ಶೈಲಿ. ನನ್ನ ಹಾಸ್ಟೆಲಿನಲ್ಲಿ ಒಂದು ಪ್ರತಿ ಬಂದರೆ ರಾತ್ರಿ ಹನ್ನೊಂದಕ್ಕೂ ಸರದಿ ಇರುತ್ತಿತ್ತು. ಬರವಣಿಗೆ ಬಲು ರುಚಿ, ಆದರೆ ರೌಡಿಗಳನ್ನು ಓದುತ್ತಾ ಓದುತ್ತಾ ಅವರ ಮೇಲೆ ಪ್ರೀತಿ ಬಂದುಬಿಡುತ್ತಿತ್ತು, ಅದೇ ತಕರಾರು. ವಿವಾದಗಳಿಗೂ ಕೊರತೆ ಇರಲಿಲ್ಲ. 2017ರ ಜೂನ್‌ನಲ್ಲಿ ಶಾಸಕರ ಬಗ್ಗೆ ಬರೆದದ್ದು ಹಕ್ಕುಚ್ಯುತಿ ಅಂತ ವಿಧಾನಸಭೆಯೇ ಬೆಳಗೆರೆ ಅವರಿಗೂ 'ಯಲಹಂಕ ವಾಯ್ಸ್' ಸಂಪಾದಕರಿಗೂ ಒಂದು ವರ್ಷ ಜೈಲು, 10,000 ದಂಡ ಹಾಕಿತು. ಕೋರ್ಟಲ್ಲ, ಸದನ! ದೂರು ಕೊಟ್ಟವರೂ ಶಾಸಕರು, ತೀರ್ಪು ಕೊಟ್ಟವರೂ ಶಾಸಕರು. ಆ ಪತ್ರಿಕೆಗಳು ಬರೆದದ್ದು ಸರಿಯೋ ತಪ್ಪೋ ಅನ್ನೋದು ಆಚೆಗಿರಲಿ, ಈ ವಿಚಾರಣೆ ಕ್ರಮ ಯಾವ ಟ್ಯಾಬ್ಲಾಯ್ಡಿಗಿಂತಲೂ ಕಡೆ. ಅದೇ ಡಿಸೆಂಬರ್‌ನಲ್ಲಿ ಹಳೆಯ ಸಹೋದ್ಯೋಗಿಯ ಕೊಲೆಗೆ ಸುಪಾರಿ ಕೊಟ್ಟ ಆರೋಪದಲ್ಲಿ ಬೆಳಗೆರೆ ಬಂಧನವಾಯಿತು, ಜಾಮೀನು ಸಿಕ್ಕಿತು. 2020ರ ನವೆಂಬರ್ 13ರಂದು ತೀರಿಕೊಂಡರು.

ಲಂಕೇಶ್ ಹೋದಮೇಲೆ ಅವರ ಪತ್ರಿಕೆಗೆ ಮಗಳು ಗೌರಿ ಸಂಪಾದಕಿ, ಮಗ ಇಂದ್ರಜಿತ್ ಪ್ರಕಾಶಕ. 2005ರಲ್ಲಿ ನಕ್ಸಲರ ಕುರಿತ ಒಂದು ವರದಿಗೆ ಅಕ್ಕ ತಮ್ಮನ ನಡುವೆ ಬಿರುಕು ಬಂದು ಪೊಲೀಸ್ ಸ್ಟೇಷನ್ ತನಕ ಹೋಯಿತು. ಕಂಪ್ಯೂಟರ್ ಒಯ್ದರು ಅಂತ ಒಬ್ಬರು, ರಿವಾಲ್ವರ್ ತೋರಿಸಿದರು ಅಂತ ಇನ್ನೊಬ್ಬರು. ಬೇರೆಯವರ ಮನೆ ಜಗಳ ಮುಖಪುಟಕ್ಕೆ ತಂದ ಪತ್ರಿಕೆಯ ಮನೆ ಜಗಳವನ್ನು ಆ ವಾರ ಬೇರೆ ಪತ್ರಿಕೆಗಳು ಮುಖಪುಟಕ್ಕೆ ತಂದವು. ಗೌರಿ ಹೊರಬಂದು 'ಗೌರಿ ಲಂಕೇಶ್ ಪತ್ರಿಕೆ' ಶುರು ಮಾಡಿದರು, ಜಾಹೀರಾತು ಇಲ್ಲದ ಅದೇ ಹಟದಲ್ಲಿ.

ನಿಜ ಹೇಳಬೇಕೆಂದರೆ ಗೌರಿಯವರ ಪತ್ರಿಕೆಯನ್ನು ನಾನು ನಿಯಮಿತವಾಗಿ ಕೊಂಡವನಲ್ಲ. ಕಟಿಂಗ್ ಶಾಪಿಗೆ ಆಗಲೇ ಟಿವಿ ಬಂದಿತ್ತು. ಅಲ್ಲಲ್ಲಿ ಓದಿದಾಗ ಅಪ್ಪನ ತುಂಟತನಕ್ಕಿಂತ ಮಗಳ ಸಿಟ್ಟು ಜಾಸ್ತಿ ಅನಿಸಿತ್ತು. 2008ರ ಒಂದು ಬರಹಕ್ಕೆ ಬಿಜೆಪಿ ನಾಯಕರು ಹೂಡಿದ ಮಾನನಷ್ಟ ಮೊಕದ್ದಮೆಯಲ್ಲಿ 2016ರ ನವೆಂಬರ್‌ನಲ್ಲಿ ಹುಬ್ಬಳ್ಳಿ ಕೋರ್ಟ್ ಆರು ತಿಂಗಳ ಶಿಕ್ಷೆ ಕೊಟ್ಟಿತು, ಜಾಮೀನು ಪಡೆದು ಹೊರಗಿದ್ದರು. 2017ರ ಸೆಪ್ಟೆಂಬರ್ 5ರ ರಾತ್ರಿ ರಾಜರಾಜೇಶ್ವರಿ ನಗರದ ಮನೆ ಬಾಗಿಲಲ್ಲೇ ಅವರನ್ನು ಗುಂಡಿಟ್ಟು ಕೊಂದರು. ಎರಡು ವರ್ಷ ಮುಂಚೆ ಧಾರವಾಡದಲ್ಲಿ ಸಂಶೋಧಕ ಎಂ. ಎಂ. ಕಲಬುರ್ಗಿಯವರನ್ನು ಅವರ ಮನೆ ಬಾಗಿಲಲ್ಲಿ ಕೊಂದ ಹಾಗೆ. ಗೌರಿಯವರ ಅಂಕಣ 'ಕಂಡ ಹಾಗೆ'ಯ ಕೊನೆಯ ಬರಹ ಸುಳ್ಳು ಸುದ್ದಿ ಹರಡುವವರ ಬಗ್ಗೆ. ಅದನ್ನು ನಾನು ಓದಿದ್ದು ಕೊಲೆಯಾದ ಮೇಲೆ, ಫೋನಿನಲ್ಲಿ, ಯಾರೋ ಪುಟದ ಫೋಟೊ ತೆಗೆದು ಕಳಿಸಿದ್ದರು. ಒಂದು ರೂಪಾಯಿಯನ್ನೂ ಕೊಡದೆ ಓದಿದೆ. ಓದುಗನ ದುಡ್ಡಿನಲ್ಲೇ ನಡೆಯುತ್ತಿದ್ದ ಪತ್ರಿಕೆ ಅದು, ಗೊತ್ತಿದ್ದೂ.

ಅಂತೂ ಅಂಕ ಕೊಡಬೇಕಲ್ಲ. ಬರವಣಿಗೆಗೆ ಐದಕ್ಕೆ ನಾಲ್ಕೂವರೆ. ಸುದ್ದಿಯ ನಂಬಿಕೆಗೆ ಮೂರು, ಅದೂ ಆ ಪತ್ರದ ನಂಬರುಗಳಿಗಾಗಿ. ಸಣ್ಣ ಮನುಷ್ಯರ ಮರ್ಯಾದೆ ಉಳಿಸಿದ್ದಕ್ಕೆ ಒಂದೂವರೆ. ಕಾಗದದ ಬಾಳಿಕೆಗೆ ಅರ್ಧ. ಅಂಗಡಿಯವನಿಗೆ ಅಂಕ ಇಲ್ಲ.

ಬರೀ ಮೇಷ್ಟ್ರ ಬರಹ ಸಾಕು ಅನ್ನುವವರು ಹಳೇ ಸಂಚಿಕೆಗೆ ಬೀಳಬೇಡಿ. ಟೀಕೆ ಟಿಪ್ಪಣಿ, ನೀಲು ಎರಡೂ ಪುಸ್ತಕವಾಗಿ ಸಿಗುತ್ತವೆ, ಒಳ್ಳೇ ಕಾಗದ, ಕೆಮ್ಮು ಬರಲ್ಲ. ಪತ್ರಿಕೆಯೇ ಬೇಕು, ಪದ್ಯದ ಪಕ್ಕದಲ್ಲೇ ಹಗರಣ ಇರಬೇಕು ಅನ್ನೋ ನನ್ನಂಥವರು ಬಿಡಿ ಸಂಚಿಕೆ ಆರಿಸಿ ಕೊಳ್ಳಿ. ಬಿಡಿಗೆ 20ರಿಂದ 30 ರೂಪಾಯಿ ಮೇಲೆ ಕೊಡಬೇಡಿ. ನಡುಪುಟ ಇದೆಯಾ ನೋಡಿ. ಪಿನ್ನಿದ್ದರೆ ಅಲ್ಲೇ ಕಿತ್ತುಹಾಕಿ. ಮನೆಗೆ ತಂದಮೇಲೆ ಒಂದು ದಿನ ನೆರಳಲ್ಲಿ ಹರಡಿ, ಆದರೆ ಜೋರು ಗಾಳಿ ಇಲ್ಲದ ಕಡೆ. ನಾನು ಟೆರೇಸ್ ಮೇಲೆ ಇಟ್ಟು ಎರಡು ಹಾಳೆ ಪಕ್ಕದ ಮನೆಯವರ ನೀರಿನ ಟ್ಯಾಂಕಿನ ಹತ್ತಿರ ಹೆಕ್ಕಿ ತಂದೆ.

ತಿಪಟೂರಿಗೆ ಹೋದ ವಾರ ಹೋಗಿದ್ದಾಗ ಎರಡು ಸಂಚಿಕೆ ಅಪ್ಪನಿಗೆ ಒಯ್ದೆ. ಈಗ ಎಂಬತ್ತು ದಾಟಿದೆ, ಅಕ್ಷರ ಕಾಣುವುದಿಲ್ಲ, ಭೂತಗನ್ನಡಿ ಹಿಡಿದು ಮುಖಪುಟ ನೋಡಿದರು. 'ಎಷ್ಟು ಕೊಟ್ಟೆ?' ಅಂದರು. ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, 'ಅಟ್ಟದ ಮೇಲೆ ಎರಡು ಮೂಟೆ ಇತ್ತಲ್ಲೋ, ನೀನೇ ಪೇಪರಿನವನಿಗೆ ಹಾಕಿದ್ದು' ಅಂದರು.